ಕರೆಯದೆ ಬರುವವರ ಹಬ್ಬ

ಸ್ಟ್ರೀಟ್ಸ್‌ವಿಲ್, ಮಿಸಿಸಾಗ
6 ಅಕ್ಟೋಬರ್ 2024

ಧಾರವಾಡದ ಬೆಳ್ಳಿತೆರೆ ಬಳಗದ ಘನ ಅಧ್ಯಕ್ಷರಾದ ಶಂಕರಪ್ಪ ಮಾಸ್ತರರೇ, ಖಜಾನೆ ಖಾಲಿಯಾದರೂ ಮುಖದಲ್ಲಿ ತೋರಗೊಡದ ಖಜಾಂಚಿ ಚನ್ನವೀರಪ್ಪನವರೇ, ಮೊದಲ ಸಾಲಿನಲ್ಲಿ ಕೂತು ಕೊನೆಯ ರೀಲಿನವರೆಗೂ ಕೆಮ್ಮುವ ಗಿರಿಜವ್ವನವರೇ, ಸಿನೆಮಾ ಮುಗಿದ ಮೇಲೆ ಚಹಾ ಇದೆಯೆಂಬ ಏಕೈಕ ಕಾರಣಕ್ಕೆ ದಯಮಾಡಿಸಿರುವ ಉಳಿದ ಮಹಾಜನಗಳೇ, ಮತ್ತು ಇವರೆಲ್ಲರ ಎದುರು ನಿಂತು ಈ ಕಾಗದವನ್ನು ಗಟ್ಟಿಯಾಗಿ ಓದುತ್ತಿರುವ ಕಾರ್ಯದರ್ಶಿ ಸೌಮ್ಯಾ ಅವರೇ,

ಎಲ್ಲರೂ ಮೊಬೈಲ್ ಬಂದ್ ಮಾಡಿರಿ. ಮಾಡದವರು ಮಾಡಿದಂತೆ ನಟಿಸಿರಿ. ನಾನು ಈಗ ನಿಮ್ಮೊಡನೆ ನೆಲದಡಿಯಿಂದ ಮಾತಾಡುತ್ತಿದ್ದೇನೆ. ಗಾಬರಿ ಬೇಡ, ಸತ್ತಿಲ್ಲ, ಬೇಸ್‌ಮೆಂಟಿನಲ್ಲಿ ಬಾಡಿಗೆಗಿದ್ದೇನೆ.

ನಿಮ್ಮ ಕಾರ್ಯದರ್ಶಿಯವರು ನಮ್ಮ ಕಾಲೇಜಿನ ಹಳೆ ವಿದ್ಯಾರ್ಥಿಗಳ ವಾಟ್ಸಾಪ್ ಗುಂಪಿನಲ್ಲಿ ಕೇಳಿದ್ದರು: 'ಬಳಗದ ಮುಂದಿನ ಚಿತ್ರೋತ್ಸವಕ್ಕೆ ಪರದೇಶದ ನಿರ್ದೇಶಕರೊಬ್ಬರ ಬದುಕನ್ನು ಬರೆದುಕೊಡುವವರು ಯಾರಾದರೂ ಇದ್ದೀರಾ? ಅವರ ಒಂದು ಸಿನೆಮಾ ಕೂಡ ಸಿಕ್ಕರೆ ಬಹಳ ಸಂತೋಷ.' ಹೂಗುಚ್ಛದ ಚಿತ್ರ ಕಳಿಸಿದವರು ಹಲವರು. ಕೈ ಎತ್ತಿದವನು ನಾನೊಬ್ಬ. ನಾನು ಕೆನಡಾದ ಮಿಸಿಸಾಗದಲ್ಲಿ ಸಿಟಿ ಬಸ್ ಓಡಿಸುವವನು. ಸಿನೆಮಾ ಬಗ್ಗೆ ಬರೆಯಲು ನನಗಿರುವ ಅರ್ಹತೆ ಇಷ್ಟೇ: ನನ್ನ ತಲೆಯ ಮೇಲೆ ಒಬ್ಬ ನಿರ್ದೇಶಕರು ದಿನವೂ ನಡೆದಾಡುತ್ತಾರೆ.

ಅವರೇ ಮನೆಯ ಮಾಲೀಕರು. ಹೆಸರು ದೊಬ್ರಿವೊಯೆ ತೆರ್ಜಿಚ್. ದೇಶ ಸರ್ಬಿಯಾ. ವಯಸ್ಸು ಎಂಬತ್ತರ ಹೊಸ್ತಿಲು, ದನಿ ಮೂವತ್ತರದು. ನಾನು ದೊಬ್ರಿ ಅಜ್ಜ ಎನ್ನುತ್ತೇನೆ. ಅವರ ಇಂಗ್ಲಿಷಿಗೂ ನನ್ನ ಇಂಗ್ಲಿಷಿಗೂ ವ್ಯಾಕರಣವಿಲ್ಲದ ಕಾರಣ ನಾವು ಒಬ್ಬರಿಗೊಬ್ಬರು ಚೆನ್ನಾಗಿ ಅರ್ಥವಾಗುತ್ತೇವೆ. ಅವರ ಮಾತನ್ನು ನಾನು ಸೀದಾ ಧಾರವಾಡಕ್ಕೆ ಇಳಿಸಿದ್ದೇನೆ, ಸಭೆ ಸಹಿಸಬೇಕು.

ಮೊರಾವಾ ಎಂಬ ಹೊಳೆಯ ದಂಡೆಯ ಸಣ್ಣ ಊರು. ಅಪ್ಪ ಟೋಪಿ ಹೊಲಿಯುವವರು. ಬೇಸಿಗೆಯಲ್ಲಿ ಬಯಲಿನಲ್ಲಿ ಬಿಳಿ ಬಟ್ಟೆ ಕಟ್ಟಿ ಸಿನೆಮಾ ತೋರಿಸುತ್ತಿದ್ದರು. ಪರದೆಯ ಮುಂದೆ ಕೂತರೆ ಟಿಕೆಟ್ಟು, ಹಿಂದೆ ಕೂತರೆ ಪುಕ್ಕಟೆ. ಅಜ್ಜ ಹಿಂದೆ ಕೂತವರು.

'ಹಿಂದಿನಿಂದ ನೋಡಿದ್ರ ಎಲ್ಲಾರೂ ಎಡಚರು, ತಮ್ಮಾ! ಎಡಗೈಲೆ ಕತ್ತಿ ಹಿಡೀತಿದ್ರು, ಎಡಗೈಲೆ ಕಣ್ಣೀರು ಒರಸ್ತಿದ್ರು. ದೊಡ್ಡವನಾಗಿ ಮೊದಲ ಸಲ ಟಿಕೀಟ್ ತಗೊಂಡು ಮುಂದ ಕುಂತಾಗ, ಇದೇನು ಎಲ್ಲಾ ಉಲ್ಟಾ ತೋರಸಾಕತ್ತಾರ ಅಂತ ರೊಕ್ಕ ವಾಪಸ್ ಕೇಳಿದ್ದೆ!'

ಮುಂದೆ ಬೆಲ್‌ಗ್ರೇಡಿಗೆ ಹೋಗಿ ಸಿನೆಮಾ ಕಲಿತರು. ತೆಗೆದ ಮೊದಲ ದೊಡ್ಡ ಚಿತ್ರ 'ಎಡಗೈ ಮದುಮಗ'. ಬರೆದ ಮೊದಲ ಕಥೆಗಳ ಪುಸ್ತಕ 'ಪರದೆಯ ಹಿಂದಿನ ಮಂದಿ'. ಬಾಲ್ಯವನ್ನು ಇಷ್ಟು ಪೂರ್ತಿಯಾಗಿ ಖರ್ಚು ಮಾಡಿದ ಮನುಷ್ಯನನ್ನು ನಾನು ನೋಡಿಲ್ಲ.

ಉಳಿದದ್ದು ಮುಂದಿನ ಕಾಗದದಲ್ಲಿ. ಅಲ್ಲಿಯವರೆಗೆ,
ಮೇಲೆ ದೊಬ್ರಿ, ಕೆಳಗೆ ನಾನು,
ನಡುವೆ ಒಂದು ಗಲಗಲ ಫ್ಯಾನು.

ತಮ್ಮ ವಿಧೇಯ,
ನಿಜಗುಣ

---

ಧಾರವಾಡ
19 ಅಕ್ಟೋಬರ್ 2024

ನಿಜಗುಣ ಅವರೆ,

ನಮಸ್ಕಾರ. ನಿಮ್ಮ ಕಾಗದವನ್ನು ಕಳೆದ ಶನಿವಾರದ ಸಭೆಯಲ್ಲಿ ಓದಿದೆ. ಎಲ್ಲರೂ ನಕ್ಕರು. ಶಂಕರಪ್ಪ ಮಾಸ್ತರರು ಕನ್ನಡಕ ತೆಗೆದು ಒರೆಸಿಕೊಂಡು, 'ಈ ಹುಡುಗ ಪ್ರಾಸ ಬಿಟ್ರ ಉದ್ಧಾರ ಆಗ್ತಾನ' ಎಂದರು. ಗಿರಿಜವ್ವನವರು ಕೆಮ್ಮುವುದನ್ನು ಮರೆತಿದ್ದರು. ಚಹಾ ಕಡಿಮೆ ಬಿತ್ತು.

ಎಡಗೈಯ ಮದುಮಗನ ಕಥೆ ಏನು ಎಂದು ಸಭೆ ಕೇಳುತ್ತಿದೆ. ಅಜ್ಜ ಯಾಕೆ ಕೆನಡಾಕ್ಕೆ ಬಂದರು, ಈಗ ಏನು ಮಾಡುತ್ತಾರೆ, ಇವೂ ಬೇಕು. ಬೇಗ ಬರೆಯಿರಿ. ವಾಟ್ಸಾಪಿನಲ್ಲಿ ಬೇಡ, ಅದರಲ್ಲಿ ಮನುಷ್ಯರು ಹೆಬ್ಬೆರಳಿನಿಂದ ಯೋಚಿಸುತ್ತಾರೆ. ಹೀಗೇ ಉದ್ದ ಕಾಗದ ಬರೆದು ಇಮೇಲ್ ಮಾಡಿ.

ಒಂದು ಮಾತು. ಕಾಲೇಜಿನ ದಿನಗಳಲ್ಲಿ ನೀವು ಬಳಗದ ಪ್ರದರ್ಶನಗಳಿಗೆ ಬರುತ್ತಿದ್ದಿರಾ? ನೆನಪಿಸಿಕೊಳ್ಳಲು ನೋಡಿದೆ. ಹೆಸರು ನೆನಪಿದೆ, ಮುಖ ಬರುತ್ತಿಲ್ಲ. ತಪ್ಪು ತಿಳಿಯಬೇಡಿ.

ಸೌಮ್ಯಾ
ಕಾರ್ಯದರ್ಶಿ

---

ಸ್ಟ್ರೀಟ್ಸ್‌ವಿಲ್
10 ನವೆಂಬರ್ 2024

ಮಹಾಜನಗಳೇ, ಮತ್ತು ಸೌಮ್ಯಾ ಅವರೇ,

ಮೊದಲು ಕಾರ್ಯದರ್ಶಿಗಳ ಪ್ರಶ್ನೆಗೆ ಉತ್ತರ. ಬರುತ್ತಿದ್ದೆ. ಒಂದೂ ತಪ್ಪಿಸಲಿಲ್ಲ. ನೀವು ಎರಡನೆಯ ಸಾಲಿನಲ್ಲಿ ಕೂರುತ್ತಿದ್ದಿರಿ, ನಾನು ಮೂರನೆಯ ಸಾಲಿನಲ್ಲಿ, ಸರಿಯಾಗಿ ನಿಮ್ಮ ಹಿಂದೆ. ಜಗತ್ತಿನ ಶ್ರೇಷ್ಠ ಸಿನೆಮಾಗಳನ್ನೆಲ್ಲ ನಾನು ನಿಮ್ಮ ಜಡೆಯ ಎಡಗಡೆಯಿಂದ ನೋಡಿದ್ದೇನೆ. ಬಲಗಡೆ ಏನು ನಡೆಯಿತೋ ಇವತ್ತಿಗೂ ಗೊತ್ತಿಲ್ಲ. ಮುಖ ನೆನಪಿಲ್ಲದ್ದು ನಿಮ್ಮ ತಪ್ಪಲ್ಲ. ಹಿಂದೆ ನೋಡಲು ನಿಮಗೆ ಕಾರಣವಿರಲಿಲ್ಲ.

(ಈ ಪ್ಯಾರಾವನ್ನು ಸಭೆಯಲ್ಲಿ ಓದಬೇಡಿ.)

ಈಗ ಸಭೆಗೆ. 'ಎಡಗೈ ಮದುಮಗ'ದ ಕಥೆ ಸರಳ. ಮದುಮಗ ಎಡಚ. ಎಡಗೈಯಿಂದ ಉಂಗುರ ತೊಡಿಸಿದರೆ ಅಪಶಕುನ ಎಂದು ಅವನ ಊರಿನ ಮುದುಕಿಯರ ಹಟ. ಬಲಗೈಯಿಂದ ತೊಡಿಸಲು ಹೋಗಿ ಉಂಗುರ ಬಾವಿಗೆ ಬೀಳುತ್ತದೆ. ಅದನ್ನು ತೆಗೆಯಲು ಇಡೀ ಊರು ಬಾವಿ ಬರಿದು ಮಾಡುತ್ತದೆ. ಉಂಗುರ ಸಿಗುವುದಿಲ್ಲ, ಊರಿನವರು ಒಬ್ಬರಿಗೊಬ್ಬರು ತಿಳಿಯದಂತೆ ಎಸೆದಿದ್ದೆಲ್ಲ ಸಿಗುತ್ತದೆ. ಜನ ನಕ್ಕರು. ಸರ್ಕಾರದ ಮೇಲಿನವರು ನಗಲಿಲ್ಲ, ಆದರೆ ಬಾವಿಯ ವಿರುದ್ಧ ಕಾನೂನು ಸಿಗದೆ ಸುಮ್ಮನಾದರು. ಎಲ್ಲೋ ಒಂದು ಚಿತ್ರೋತ್ಸವದಲ್ಲಿ ಕಂಚಿನ ಕುದುರೆಯ ಪ್ರಶಸ್ತಿ ಬಂತು. ಅದು ಈಗಲೂ ಇದೆ. ಮುಂಬಾಗಿಲು ಮುಚ್ಚಿಕೊಳ್ಳದಂತೆ ತಡೆ ಕೊಡಲು ಬಳಸುತ್ತಾರೆ.

ತೊಂಬತ್ತರ ದಶಕದಲ್ಲಿ ಅವರ ದೇಶ ಒಡೆಯಿತು. ಆಗ ತೆಗೆಯುತ್ತಿದ್ದ ಕೊನೆಯ ಚಿತ್ರ 'ಬಾಗಿಲು ಹಾಕಬ್ಯಾಡ್ರಿ'. ನಟರು ದಿಕ್ಕಿಗೊಬ್ಬರಾದರು, ಅಜ್ಜ ಹೆಂಡತಿ ದೆಸಾಂಕಾ ಅವ್ವನನ್ನು ಕರೆದುಕೊಂಡು ಟೊರಾಂಟೊಗೆ ಬಂದರು. ಇಲ್ಲಿ ಹೊಟ್ಟೆಗೆ? ಮದುವೆಯ ವಿಡಿಯೊ! ಇಪ್ಪತ್ತು ವರ್ಷ ಅದೇ ಕಸುಬು. ಬ್ರಾಂಪ್ಟನ್ನಿನ ಎಷ್ಟೋ ಪಂಜಾಬಿ ಮನೆಗಳಲ್ಲಿ ಯುರೋಪಿನ ಕಲಾತ್ಮಕ ಚಿತ್ರಗಳಿವೆ, ಮನೆಯವರಿಗೆ ಗೊತ್ತಿಲ್ಲ. 'ಮದುಮಗಳು ಎಲ್ಲಾ ವಿಡಿಯೊದಾಗ ಇರ್ತಾಳ, ತಮ್ಮಾ. ಮೂಲ್ಯಾಗ ಬೂಟು ಬಿಚ್ಚಿ ಮಲಗಿದ ಮಾವ ನನ್ನ ವಿಡಿಯೊದಾಗ ಅಷ್ಟ ಇರ್ತಾನ.'

ನನಗೂ ಅವರಿಗೂ ಪರಿಚಯವಾದದ್ದು ಬಸ್ಸಿನಲ್ಲಿ. ಮುಂದಿನ ಸೀಟಿನಲ್ಲಿ ಕೂತು ನನ್ನ ಬ್ರೇಕಿಗೆ ವಿಮರ್ಶೆ ಕೊಡುತ್ತಿದ್ದರು. 'ನಿಂತದ್ದು ಗೊತ್ತಾಗಬಾರದು. ಛಲೋ ಎಡಿಟಿಂಗ್ ಹಂಗ ಇರ್ತೈತಿ.' ಚಾಲಕರೊಡನೆ ಮಾತಾಡಬಾರದೆಂಬ ಬೋರ್ಡು ತೋರಿಸಿದೆ. 'ಮಾತಾಡಬ್ಯಾಡ ಅಂದೈತಿ. ಬೈಬ್ಯಾಡ ಅಂದಿಲ್ಲಲ್ಲ?' ಆ ವಾರವೇ ಅವರ ಬೇಸ್‌ಮೆಂಟಿಗೆ ಬಂದೆ. ಅದಕ್ಕೂ ಮೊದಲು ನನ್ನ ಮನೆಗೆ ಮದುವೆ ಎಂಬುದು ಒಮ್ಮೆ ಬಂದು, ಚಹಾ ಕುಡಿದು, ಕಪ್ಪು ತೊಳೆದಿಟ್ಟು, ಜಗಳವಿಲ್ಲದೆ ಹೊರಟುಹೋಗಿತ್ತು.

ಈಗ ಮುಖ್ಯ ವಿಷಯ. ಅಜ್ಜನ ಹತ್ತಿರ 'ಬಾಗಿಲು ಹಾಕಬ್ಯಾಡ್ರಿ'ಯ ಒಂದೇ ಪ್ರತಿ ಇದೆ. ಯಾವ ಊರಿನಲ್ಲೂ ಅದು ತೆರೆಕಂಡಿಲ್ಲ. ಅವರ ಬದುಕು ಬರೆಯುತ್ತಿರುವ ನನಗೂ ತೋರಿಸಿಲ್ಲ. ಲ್ಯಾಪ್‌ಟಾಪಿನಲ್ಲಿ ಹಾಕಿ ಎಂದರೆ ಕೆಂಡವಾದರು. 'ಸಿನೆಮಾ ಒಬ್ಬನ ನೋಡೂದಂದ್ರ ಒಬ್ಬನ ಲಗ್ನ ಆದಂಗ! ಮಂದಿ ಬೇಕು. ನಿಮ್ಮ ಧಾರವಾಡದಾಗ ಮಂದಿ ಬರ್ತಾರೇನು?' ಬರುತ್ತಾರೆ, ಸಭೆ ಗಿಜಿಗುಡುತ್ತದೆ ಎಂದೆ. ಅಂದಿನಿಂದ ನನಗೆ ಕಥೆ ಹೇಳಲು ಕೂತಾಗ ಅವರು ಕೋಟು ಹಾಕಿಕೊಳ್ಳುತ್ತಾರೆ. ನಿಮ್ಮೆಲ್ಲರ ಮರ್ಯಾದೆಗೆ! ಕಥೆ ಮುಗಿದ ದಿನ ಸಿನೆಮಾ ಕೊಡುತ್ತಾರಂತೆ. ಸಾಯುವುದರೊಳಗೆ ಒಂದು ಊರಿನ ಮಂದಿ ಅದನ್ನು ಕೂಡಿ ನೋಡಬೇಕು, ಅಷ್ಟೇ ಅವರಾಸೆ.

ಮಾಸ್ತರರಿಗೆ ನನ್ನ ವಿಶೇಷ ನಮಸ್ಕಾರ ತಿಳಿಸಿ. ಪ್ರಾಸದ ಬಗ್ಗೆ ಅವರು ಮತ್ತೇನಾದರೂ ಅಂದರೆ ತಪ್ಪದೆ ಬರೆಯಿರಿ. ಈಚೆಗೆ ನನ್ನ ಬಸ್ಸಿಗೆ ನಮ್ಮ ಕಡೆಯ ಹಿರಿಯರೊಬ್ಬರು ಬರುತ್ತಾರೆ, ಮಗಳ ಮನೆಗೆ ಬಂದವರು. ಕನ್ನಡ ಕೇಳಿ ಕಿವಿ ತಂಪಾಗಿದೆ.

ನಿಜಗುಣ

---

ಧಾರವಾಡ
1 ಡಿಸೆಂಬರ್ 2024

ನಿಜಗುಣ ಅವರೆ,

ಓದಬೇಡಿ ಎಂದ ಪ್ಯಾರಾವನ್ನು ಸಭೆಯಲ್ಲಿ ಓದಲಿಲ್ಲ. ನಾನು ಓದಿದೆ. ಜಡೆ ಈಗ ಅಷ್ಟು ದಪ್ಪವಿಲ್ಲ. ಹಿಂದೆ ಕೂತವರಿಗೆ ಎರಡೂ ಕಡೆ ಕಾಣುತ್ತದೆ.

ನಮ್ಮ ಮನೆಯವರು ತೀರಿಕೊಂಡು ಆರನೆಯ ವರ್ಷ ನಡೆದಿದೆ ಎಂಬುದು ನಿಮಗೆ ಗುಂಪಿನಿಂದ ತಿಳಿದಿರಬಹುದು. ಹೇಳಬೇಕೆನಿಸಿತು, ಹೇಳಿದೆ. ಕಾಲೇಜಿನ ಲೈಬ್ರರಿ ಕೆಲಸ, ಬಳಗ, ಎರಡರಲ್ಲಿ ದಿನ ಹೋಗುತ್ತದೆ. ಬೇಸರವಿಲ್ಲ.

ಮಾಸ್ತರರು ಆರೋಗ್ಯವಾಗಿದ್ದಾರೆ. ನಿಮ್ಮ ನಮಸ್ಕಾರ ತಿಳಿಸಿದೆ. 'ಪ್ಯಾರಾ ಉದ್ದ ಆಗ್ಯಾವ' ಎಂದರು. ಬಾವಿಯ ಭಾಗಕ್ಕೆ ಚನ್ನವೀರಪ್ಪನವರು ಎರಡು ಸಲ ಚಪ್ಪಾಳೆ ತಟ್ಟಿದರು.

ಒಬ್ಬರೇ ಕೂತು ಸಿನೆಮಾ ನೋಡುವವರ ಬಗ್ಗೆ ಅಜ್ಜ ಅಷ್ಟು ಕಠಿಣವಾಗಿ ಮಾತಾಡಬಾರದಿತ್ತು ಎಂದು ಸಭೆಯ ಸದಸ್ಯರೊಬ್ಬರ ಅಭಿಪ್ರಾಯ. ಎಲ್ಲರಿಗೂ ಮಂದಿ ಸಿಗುವುದಿಲ್ಲ. ಇರಲಿ. ಸಭೆ ತುಂಬುತ್ತದೆ ಎಂದು ಅವರಿಗೆ ಹೇಳಿ. ಹೇಗಾದರೂ ತುಂಬುತ್ತದೆ.

ಸೌಮ್ಯಾ

---

ಸ್ಟ್ರೀಟ್ಸ್‌ವಿಲ್
22 ಡಿಸೆಂಬರ್ 2024

ಸೌಮ್ಯಾ ಅವರೇ,

ಈ ಸಲ ಮಹಾಜನಗಳನ್ನು ಹೊರಗೆ ಕೂರಿಸಿ. ಮರ್ಯಾದೆ ಹೋದ ಸುದ್ದಿ, ನಿಮಗೊಬ್ಬರಿಗೇ.

ಸರ್ಬಿಯಾದವರಲ್ಲಿ ಪ್ರತಿ ಮನೆತನಕ್ಕೂ ಒಬ್ಬ ಸಂತ, ನಮ್ಮ ಮನೆದೇವರಂತೆ. ಆ ಸಂತನ ದಿನದ ಮನೆಹಬ್ಬಕ್ಕೆ 'ಸ್ಲಾವ' ಎನ್ನುತ್ತಾರೆ. ದೊಬ್ರಿ ಅಜ್ಜನ ಸ್ಲಾವ ಮೊನ್ನೆ ಡಿಸೆಂಬರ್ ಹತ್ತೊಂಬತ್ತಕ್ಕೆ. ವಾರದಿಂದ ದೆಸಾಂಕಾ ಅವ್ವ ಗೋಧಿ ಕುದಿಸುವುದೇನು, ವಾಲ್‌ನಟ್ ಕುಟ್ಟುವುದೇನು, ಬೇಸ್‌ಮೆಂಟಿಗೆಲ್ಲ ಪರಿಮಳ. ಅಜ್ಜ ಮೂರು ಸಲ ಹೇಳಿದರು: 'ಹತ್ತೊಂಬತ್ತಕ್ಕ ನಮ್ಮ ಸ್ಲಾವ ಐತಿ.' ನಾನು ಕಾದೆ. ಮುಂದಿನ ಮಾತು ಬರಲಿಲ್ಲ. 'ಬಾ' ಅನ್ನಲಿಲ್ಲ.

ಓಕ್‌ವಿಲ್ಲಿನಲ್ಲಿ ಶ್ರೀಕಂಠ ಎಂಬ ಗೆಳೆಯನಿದ್ದಾನೆ, ಮೈಸೂರಿನವನು. ಫೋನಿನಲ್ಲಿ ಅವನ ಸಲಹೆ ಕೇಳಿದೆ. 'ಗುರು, ಇನ್ವೈಟ್ ಮಾಡಿಲ್ಲ ಅಂದ್ಮೇಲೆ ಹೋಗ್ಲೇಬೇಡ. ಇಲ್ಲಿ ಪ್ರೈವೆಸಿ ಅಂದ್ರೆ ಪ್ರಾಣ. ಟೆನೆಂಟ್ ನೀನು, ಅವ್ರ ಫ್ಯಾಮಿಲಿ ಫಂಕ್ಷನ್‌ನಲ್ಲಿ ನಿಂಗೇನ್ ಕೆಲ್ಸ?' ನಮ್ಮ ಮನೆಯಲ್ಲೂ ಅದನ್ನೇ ಕಲಿಸಿದ್ದಲ್ಲವೇ? ಮನೆಗೆ ಬಂದು ಅರಿಶಿನ ಕುಂಕುಮ ಹಚ್ಚಿ ಕರೆದರೂ, ಎರಡನೆಯ ಸಲ ಹೇಳಿ ಕಳಿಸದೆ ನಮ್ಮವ್ವ ಯಾರ ಪಂಕ್ತಿಯಲ್ಲೂ ಕೂತವಳಲ್ಲ.

ಆ ದಿನ ರಜೆಯಿತ್ತು. ಕೆಳಗೆ ಕೂತಿದ್ದೆ. ತಲೆಯ ಮೇಲೆ ಒಂದೂರಿನ ಬೂಟುಗಳು ಬಂದವು. ಹಾಡು, ಬಾಟಲಿ, ನಗು. ನಾನು ಅನ್ನಕ್ಕೆ ಮಜ್ಜಿಗೆ ಕಲಸಿಕೊಂಡು, ಸಪ್ಪಳಕ್ಕೆ ಸರಿಯಾಗಿ ತುತ್ತು ಹಾಕಿದೆ.
ಮೇಲೆ ಹಾಡು, ಕೆಳಗೆ ಮೌನ;
ಮೇಲೆ ಹಬ್ಬ, ಕೆಳಗೆ ಮಜ್ಜಿಗೆ ಪಾನ.

ಅದಾದರೂ ಸರಿ. ಆದರೆ ಮರುದಿನದಿಂದ ಅಜ್ಜ ನನ್ನ ಮುಖ ನೋಡುತ್ತಿಲ್ಲ! ಅವರೇ ಕರೆಯಲಿಲ್ಲ, ಈಗ ಅವರೇ ಮುನಿಸು. ಬಸ್ಸಿನಲ್ಲಿ ಹಿಂದೆ ಹೋಗಿ ಕೂರುತ್ತಾರೆ. ನಿನ್ನೆ ಬೇಕೆಂದೇ ಜೋರಾಗಿ ಬ್ರೇಕ್ ಹಾಕಿದೆ, ವಿಮರ್ಶೆ ಬರಲಿಲ್ಲ. ಸಂಜೆ ನೋಟ್ಸು ಹಿಡಿದು ಮೇಲೆ ಹೋದರೆ, 'ಕಥಿ ಮುಗೀತು' ಎಂದು ಬಾಗಿಲು ಹಾಕಿಕೊಂಡರು. ಸಿನೆಮಾ ಸಿಗುವುದು ಕಷ್ಟ. ಸಭೆಗೆ ಏನು ಹೇಳುತ್ತೀರೋ ನೋಡಿ.

ನಿಜಗುಣ

---

ಧಾರವಾಡ
27 ಡಿಸೆಂಬರ್ 2024

ನಿಜಗುಣ ಅವರೆ,

ನೀವು ಮಾಡಿದ್ದೇ ಸರಿ. ಕರೆಯದ ಮನೆಗೆ ಹೋಗಬಾರದು. ಅಷ್ಟು ಹತ್ತಿರವಿದ್ದೂ ಒಂದು ಮಾತು ಕರೆಯಲಿಲ್ಲ ಎಂದರೆ ಏನರ್ಥ? ದೊಡ್ಡ ಕಲಾವಿದರು ಹೀಗೇ. ಮನುಷ್ಯರನ್ನು ಚಿತ್ರದಲ್ಲಿ ಪ್ರೀತಿಸುತ್ತಾರೆ. ನೀವಾಗಿ ಮಾತಾಡಿಸಲು ಹೋಗಬೇಡಿ. ನನಗೆ ಬಹಳ ಸಿಟ್ಟು ಬಂದಿದೆ, ಸಭೆಗೂ ಬಂದಿದೆ.

ಸಿನೆಮಾ ಸಿಗದಿದ್ದರೆ ಬಿಡಿ. ಉತ್ಸವ ಮುಂದೆ ಹಾಕೋಣ. ಬೇರೆ ಯಾರಾದರೂ ನಿರ್ದೇಶಕರು ಸಿಗುತ್ತಾರೆ. ಯಾರೂ ಸಿಗದಿದ್ದರೆ ನಿಮ್ಮ ಬಸ್ಸಿನ ಬಗ್ಗೆ ಬರೆಯಿರಿ. ಆದರೆ ಕಾಗದ ನಿಲ್ಲಿಸಬೇಡಿ.

ಸಭೆಗೆ ಅಭ್ಯಾಸವಾಗಿದೆ.

ಸೌಮ್ಯಾ

---

ಸ್ಟ್ರೀಟ್ಸ್‌ವಿಲ್
8 ಜನವರಿ 2025

ಮಹಾಜನಗಳೇ! ಎದ್ದು ನಿಲ್ಲಿರಿ! ಗಿರಿಜವ್ವನವರು ಕೆಮ್ಮಬಹುದು, ಇದು ಸಂತೋಷದ ಕಾಗದ.

ಭಾನುವಾರ ಹಿಮ ಬಿದ್ದಿತ್ತು. ಮುನಿಸು ಮುನಿಸಿನ ಜಾಗದಲ್ಲಿ, ಸಲಿಕೆ ಸಲಿಕೆಯ ಜಾಗದಲ್ಲಿ. ಮನೆ ಮುಂದಿನ ಹಿಮ ಸರಿಸುತ್ತಿದ್ದೆ. ದೆಸಾಂಕಾ ಅವ್ವ ಶಾಲು ಹೊದ್ದು ಹೊರಗೆ ಬಂದರು.

'ತಮ್ಮಾ, ಸ್ಲಾವದ ಊಟದಾಗ ಮಾಂಸ ಇರ್ತೈತಿ ಅಂತ ಬರಲಿಲ್ಲೇನು? ಅವತ್ತ ನಮಗೂ ಉಪವಾಸ. ಬೀನ್ಸ್ ಪಲ್ಯಾ ನಿನಗ ಅಂತನ ಬ್ಯಾರೆ ಎತ್ತಿಟ್ಟಿದ್ದೆ. ಒಂದು ತತ್ತಿ ಸುದ್ದಾ ಮುಟ್ಟಿಸಿರಲಿಲ್ಲ.'

'ನೀವು ಕರೀಲಿಲ್ಲಲ್ಲ ಅವ್ವಾ.'

'ಏನು?'

'ಬಾ ಅಂತ ಕರೀಲಿಲ್ಲ. ಕರೀದ ಹೆಂಗ ಬರೂದು?'

ಅವ್ವ ನನ್ನನ್ನು ನೋಡಿದರು. ಆಮೇಲೆ ಗೇಟು ಹಿಡಿದುಕೊಂಡು ನಗಲು ಶುರು ಮಾಡಿದರು. ನಕ್ಕು ನಕ್ಕು, ಕಣ್ಣೊರೆಸಿಕೊಂಡು ಹೇಳಿದರು: 'ಅಯ್ಯ ನನ್ನಪ್ಪಾ! ಸ್ಲಾವಕ್ಕ ಯಾರನ್ನೂ ಕರಿಯಂಗಿಲ್ಲ. ಕರಿದ್ರ ಅದು ಪಾರ್ಟಿ. ಇವತ್ತು ನಮ್ಮ ಸ್ಲಾವ ಅಂತ ಹೇಳ್ತೇವಿ, ಬಾಗಿಲು ತಗದು ಇಡ್ತೇವಿ. ನಮ್ಮವ ಅನ್ನಾಂವ ತಾನ ಬರ್ತಾನ. ನಿನಗ ಮೂರು ಸಲ ಹೇಳಿದ್ರು. ಆ ದಿನ ಪೂರ್ತಿ ಬೇಸ್‌ಮೆಂಟ್ ಬಾಗಲಾ ನೋಡ್ಕೋತ ಕುಂತಿದ್ರು. ಆ ಕುದುರಿ ಇಟ್ಟು ಬಾಗಲಾ ತಗದಿದ್ರು. ಹುಡುಗ ಬರಲಿಲ್ಲ ಅಂತ ಉಣ್ಣಲಿಲ್ಲ!'

ಸೌಮ್ಯಾ ಅವರೇ, ನಡುವೆ ಇದ್ದದ್ದು ಒಂದು ಏಣಿಮೆಟ್ಟಿಲು. ಮೇಲೆ ಒಬ್ಬ ಬರಲಿ ಎಂದು ಹಸಿದು ಕೂತಿದ್ದ, ಕೆಳಗೆ ಒಬ್ಬ ಕರೆಯಲಿ ಎಂದು ಮಜ್ಜಿಗೆ ಕುಡಿಯುತ್ತಿದ್ದ. ಇಬ್ಬರದೂ ಮರ್ಯಾದೆಯೇ.

ಇನ್ನೊಂದು ಸ್ಲಾವಕ್ಕೆ ವರ್ಷ ಕಾಯಬೇಕು. ಆದರೆ ಹಳೆ ಕ್ಯಾಲೆಂಡರಿನಂತೆ ಜನವರಿ ಏಳು ಅವರ ಕ್ರಿಸ್‌ಮಸ್. ಈ ಸಲ ಶ್ರೀಕಂಠನನ್ನು ಕೇಳಲಿಲ್ಲ. ಹಿಂದಿನ ಸಂಜೆಯೇ ಗೋಧಿ ಹುಗ್ಗಿ ಮಾಡಿಟ್ಟುಕೊಂಡೆ. ಬೆಳಗ್ಗೆ ಶಿಫ್ಟಿಗೆ ಮೊದಲು ಪಾತ್ರೆ ಹಿಡಿದು, ಕರೆಯದೆ, ಫೋನೂ ಮಾಡದೆ, ಮುಂಬಾಗಿಲು ತಟ್ಟಿದೆ.

ಅಜ್ಜ ತೆಗೆದರು. ನನ್ನನ್ನು ನೋಡಿ ಬಾಯಿ ತೆರೆದರು. ಒಳಗೆ ತಿರುಗಿ ಕೂಗಿದರು: 'ದೆಸಾಂಕಾ! ಬಂದ! ಇಂವ ಬಂದಾನ! ಮೊದಲನೇದಾಂವ ಇಂವನ!'

ನನಗೆ ಗೊತ್ತಿರಲಿಲ್ಲ. ಆ ಹಬ್ಬದ ಬೆಳಗ್ಗೆ ಮನೆಗೆ ಮೊದಲು ಕಾಲಿಡುವ ಅತಿಥಿಯ ಕಾಲ್ಗುಣದ ಮೇಲೆ ಇಡೀ ವರ್ಷದ ಅದೃಷ್ಟ ನಿಂತಿದೆಯಂತೆ. ಅವನಿಗೆ ರಾಜೋಪಚಾರ! ಅವ್ವ ನನ್ನನ್ನು ಗಿಡ್ಡ ಸ್ಟೂಲಿನ ಮೇಲೆ ಕೂರಿಸಿ ಮೈತುಂಬ ಕಂಬಳಿ ಸುತ್ತಿದರು. ಹಾಲಿನ ಕೆನೆ ದಪ್ಪ ಕಟ್ಟಲಿ ಎಂದು. ಹಾಲು ಅಂಗಡಿಯ ಪ್ಯಾಕೆಟ್ಟಿನದು, ಆದರೂ ಸುತ್ತಿದರು. ಅಜ್ಜ ಓಕ್ ಮರದ ರೆಂಬೆ ಕೊಟ್ಟರು. ಹಳ್ಳಿಯಲ್ಲಾದರೆ ಒಲೆಯ ಕೊಳ್ಳಿ ಕೆದಕಿ ಕಿಡಿ ಹಾರಿಸಬೇಕು, ಹಾರಿದಷ್ಟು ಕಿಡಿ ಮನೆಗೆ ಸೌಭಾಗ್ಯ. ಇಲ್ಲಿ ಒಲೆಯೆಲ್ಲಿ? ಅಲ್ಯುಮಿನಿಯಂ ಟ್ರೇಯಲ್ಲಿ ನಾಲ್ಕು ಕಡ್ಡಿಗೆ ಬೆಂಕಿ ಹಚ್ಚಿದ್ದರು. ಕೆದಕಿದೆ. ಹರಸಬೇಕು ಎಂದರು. ನನಗೆ ಬರುವುದು ಒಂದೇ ವಿದ್ಯೆ:

ಎಷ್ಟು ಕಿಡಿಯೊ ಅಷ್ಟು ಕರು,
ಎಷ್ಟು ಹೊಗೆಯೊ ಅಷ್ಟು ಗೆಳೆಯರು!

ಹೊಗೆ ಸಾಕಷ್ಟು ಇತ್ತು. ಸ್ಮೋಕ್ ಅಲಾರಮ್ ಬಾಯಿ ಬಡಿದುಕೊಂಡಿತು. ಅವ್ವ ಟವೆಲ್ ಬೀಸುತ್ತಿದ್ದಾರೆ, ಅಜ್ಜ ಕುಣಿಯುತ್ತಿದ್ದಾರೆ: 'ಬಡೀಲಿ ಬಿಡು! ಇವತ್ತ ಅದ ನಮ್ಮ ಗುಡಿ ಗಂಟಿ!' ನಾನು ಕಂಬಳಿಯೊಳಗೆ ಅಲ್ಲಾಡಲಾಗದೆ ಕೂತಿದ್ದೇನೆ. ಹುಗ್ಗಿ ತಿಂದ ಅವ್ವ ಚಮಚ ಹಿಡಿದು ನಿಂತುಬಿಟ್ಟರು. ಸ್ಲಾವದ ದಿನ ಬಂದವರಿಗೆಲ್ಲ ಅವರು ಮೊದಲು ಕೊಡುವುದು ಇದನ್ನೇ, ಕುದಿಸಿದ ಗೋಧಿಗೆ ಸಕ್ಕರೆ. 'ಇದು ನಮ್ಮದು. ನಿನಗ ಯಾರು ಹೇಳಿಕೊಟ್ರು?' 'ನಮ್ಮವ್ವ.' 'ಆಕಿ ಸರ್ಬಿಯಾದಾಕಿನ?' 'ಗದಗದಾಕಿ.'

ಕಥೆ ಮುಂದುವರಿಯಿತು, ಕೋಟು ಬಂತು. 'ಬಾಗಿಲು ಹಾಕಬ್ಯಾಡ್ರಿ' ಸ್ಲಾವದ ದಿನದ ಕಥೆಯೇ. ಒಂದು ಮನೆ, ಹಾಸಿದ ಮೇಜು, ತೆರೆದ ಬಾಗಿಲು. ಯಾರೂ ಇನ್ನೂ ಬಂದಿಲ್ಲ, ಚಿತ್ರ ಮುಗಿಯುತ್ತದೆ. ನಿಮ್ಮ ಪರವಾಗಿ ಕೇಳಿದೆ, ಆ ಖಾಲಿತನದ ಅರ್ಥವೇನು ಅಜ್ಜ ಎಂದು.

'ರೀಲು ಮುಗಿದಿತ್ತು, ತಮ್ಮಾ. ಬರಬೇಕಾದ ನಟರು ಊರು ಬಿಟ್ಟಿದ್ರು. ಮಂದಿ ಬಂದು ಮೇಜು ತುಂಬೂದು ಕೊನೇ ಶಾಟ್. ತಗೀಲಿಕ್ಕೆ ಆಗಲಿಲ್ಲ.'

ಮೊದಲ ಅತಿಥಿಯನ್ನು ಬರಿಗೈಯಲ್ಲಿ ಕಳಿಸಬಾರದು. ಅವ್ವ ಹೆಣೆದ ಉಣ್ಣೆಯ ಕಾಲುಚೀಲ ಕೊಟ್ಟರು. ಬಸ್ ಡಿಪೋದಲ್ಲಿ ತೆಗೆದು ನೋಡಿದರೆ ಎಡಗಾಲಿನ ಚೀಲದೊಳಗೆ ಒಂದು ಪೆನ್‌ಡ್ರೈವ್. ಸಿನೆಮಾ! ಪ್ರತಿ ಮಾಡಿ ಈ ಇಮೇಲಿನ ಕೊಂಡಿಯಲ್ಲಿ ಹಾಕಿದ್ದೇನೆ. ಇಂಗ್ಲಿಷ್ ಸಬ್‌ಟೈಟಲ್ ಇವೆ. ನಾನು ನೋಡಿಲ್ಲ. ಒಬ್ಬನೇ ನೋಡುವುದಿಲ್ಲವೆಂದು ಮಾತು ಕೊಟ್ಟಿದ್ದೇನೆ.

ಅಜ್ಜನ ಬೇಡಿಕೆ ಒಂದೇ. ನೋಡುತ್ತಿರುವ ಮಂದಿಯ ಫೋಟೊ ಬೇಕು. ಪರದೆಯ ಮುಂದಿನವರದು, ಹಿಂದಿನವರದು, ಎರಡೂ.

ನಿಜಗುಣ

---

ಧಾರವಾಡ
9 ಫೆಬ್ರವರಿ 2025

ನಿಜಗುಣ ಅವರೆ,

ಒಂದು ತಿಂಗಳು ಬರೆಯಲಿಲ್ಲ. ಕೆಲಸ ಹೆಚ್ಚಿತ್ತು. ಏನು ಕೆಲಸ ಎಂದು ಕೇಳಬೇಡಿ.

ನಿನ್ನೆ, ಎರಡನೆಯ ಶನಿವಾರ, ಸಿನೆಮಾ ಆಯಿತು. ಹಾಲ್ ಬೇಡವೆನಿಸಿತು. ಕಾಲೇಜಿನ ಹಿಂದಿನ ಬಯಲಿನಲ್ಲಿ ಎರಡು ಬೇವಿನ ಮರಗಳ ನಡುವೆ ಬಿಳಿ ಬಟ್ಟೆ ಕಟ್ಟಿಸಿದೆ. ಆಮಂತ್ರಣ ಹಂಚಲಿಲ್ಲ. ಲೈಬ್ರರಿಗೆ ಬಂದವರಿಗೆಲ್ಲ 'ಶನಿವಾರ ನಮ್ಮ ಬಯಲಾಗ ಸಿನೆಮಾ ಐತಿ' ಎಂದಷ್ಟೇ ಹೇಳಿದೆ. ಮೂರು ಸಲ ಹೇಳಿದೆ. ಬರುತ್ತಾರೋ ಇಲ್ಲವೋ ಎಂದು ಸಂಜೆಯೆಲ್ಲ ದಾರಿ ನೋಡುತ್ತಿದ್ದೆ.

ಬಂದರು, ನಿಜಗುಣ ಅವರೆ. ಹಾಸ್ಟೆಲ್ಲಿನ ಹುಡುಗಿಯರು ಚಾಪೆ ಹೊತ್ತು ಬಂದರು. ಎದುರಿನ ಚಹಾದ ಅಂಗಡಿಯ ನಾಗವ್ವ ಅಂಗಡಿ ಮುಚ್ಚದೆ, ಕೆಟಲಿನ ಸಮೇತ ಬಂದಳು. ಆಟೋದವರು, ವಾಕಿಂಗಿಗೆ ಬಂದ ಹಿರಿಯರು, ಯಾರು ಯಾರೋ. ಜಾಗ ಸಾಲದೆ ಅರ್ಧ ಮಂದಿ ಪರದೆಯ ಹಿಂದೆ ಕೂತರು. ಸಬ್‌ಟೈಟಲ್ ಅವರಿಗೆ ಉಲ್ಟಾ ಕಾಣುತ್ತಿತ್ತು. ಮುಂದಿನ ಹುಡುಗಿಯರು ಓದಿ, ಕನ್ನಡ ಮಾಡಿ, ಬಟ್ಟೆಯ ಆಚೆಗೆ ಕೂಗಿ ಹೇಳಿದರು. ಹಿಂದಿನಿಂದ 'ಜೋರ್ ಹೇಳ್ರೇ!' ಎಂದು ಗದರಿಕೆ. ಇಷ್ಟು ಗದ್ದಲದ ಪ್ರದರ್ಶನವನ್ನು ನಾನು ಕಂಡಿಲ್ಲ. ಇಷ್ಟು ಚೆಂದದ್ದನ್ನೂ.

ಕೊನೆಯ ಶಾಟ್ ಬಂತು. ಮೇಜು, ತೆರೆದ ಬಾಗಿಲು. ಆಗ ನಾಗವ್ವ ಎದ್ದು ನಿಂತು, 'ಬಾಗಲಾ ತಗದೈತಿ, ಊಟಾ ಬಡಿಸೈತಿ, ಯಾಕ ಯಾರೂ ಹೋಗವಲ್ರು? ನಡೀರೆ ಹೋಗೂಣು!' ಎಂದು ಪರದೆಯ ಕಡೆ ಹೊರಟೇಬಿಟ್ಟಳು. ಹುಡುಗಿಯರು ನಗುತ್ತ ಅವಳ ಹಿಂದೆ ಎದ್ದರು. ಹಿಂದಿನವರೂ ಎದ್ದು ಬಟ್ಟೆಯನ್ನು ಬಳಸಿ ಮುಂದೆ ಬಂದರು. ಪ್ರೊಜೆಕ್ಟರಿನ ಬೆಳಕಿನಲ್ಲಿ ಎಲ್ಲರ ನೆರಳೂ ಆ ಮೇಜಿನ ಸುತ್ತ ಬಿತ್ತು. ಆ ಫೋಟೊ ಲಗತ್ತಿಸಿದ್ದೇನೆ. ಅಜ್ಜನಿಗೆ ತೋರಿಸಿ. ಕೊನೆಯ ಶಾಟ್ ಧಾರವಾಡದಲ್ಲಿ ಆಯಿತು ಎಂದು ಹೇಳಿ.

ಶಂಕರಪ್ಪ ಮಾಸ್ತರರಿಗೆ ಮಂಡಿನೋವು, ಬರಲಾಗಲಿಲ್ಲ. ಬಹಳ ಪೇಚಾಡಿದರು.

ಮುಂದಿನ ಸಿನೆಮಾ ಮಾರ್ಚ್ ಎಂಟು, ಎರಡನೆಯ ಶನಿವಾರ. ಅದೇ ಬಯಲು. ಯಾರನ್ನೂ ಕರೆಯುವುದಿಲ್ಲ ಎಂದು ತೀರ್ಮಾನಿಸಿದ್ದೇನೆ. ಸುಮ್ಮನೆ ತಿಳಿಸಿದೆ.

ಸೌಮ್ಯಾ

---

ಸ್ಟ್ರೀಟ್ಸ್‌ವಿಲ್
16 ಫೆಬ್ರವರಿ 2025

ಧಾರವಾಡದ ಬೆಳ್ಳಿತೆರೆ ಬಳಗದ ಘನ ಅಧ್ಯಕ್ಷರೇ, ಖಜಾಂಚಿಗಳೇ, ಮಹಾಜನಗಳೇ,

ತಮ್ಮ ಫೋಟೊ ತಲುಪಿತು. ದೊಬ್ರಿ ಅಜ್ಜ ಅದನ್ನು ಟೀವಿಗೆ ಹಾಕಿಸಿ, ಕೋಟು ತೊಟ್ಟು, ಎದುರಿಗೆ ನಿಂತು ನೋಡಿದರು. ಕುರ್ಚಿ ಕೊಟ್ಟರೂ ಕೂರಲಿಲ್ಲ. ನೆರಳುಗಳನ್ನು ಬೆರಳಿಟ್ಟು ಎಣಿಸಹೋಗಿ ಬಿಟ್ಟುಬಿಟ್ಟರು. 'ಮೂವತ್ತು ವರ್ಷ ತಡಾ ಆತು, ಆದ್ರ ಎಲ್ಲಾರೂ ಬಂದ್ರು' ಎಂದರು. ಕೆಟಲಿ ಹಿಡಿದ ಹೆಂಗಸು ಯಾರು, ಇಂಥ ನಟಿ ನನಗೆ ಆಗ ಯಾಕೆ ಸಿಗಲಿಲ್ಲ ಎಂದು ಕೇಳಿದರು. ಆಮೇಲೆ ನಾವು ಮೂವರೂ ಕೂತು ಸಿನೆಮಾ ನೋಡಿದೆವು. ಮೂವರಿದ್ದರೆ ಮಂದಿಯೇ ಅಂತೆ. ಜೀವನಚರಿತ್ರೆಯ ಕೊನೆಯ ಅಧ್ಯಾಯವನ್ನು ಸಭೆಯ ಅಪ್ಪಣೆ ಪಡೆದು ಇಲ್ಲಿ...

ಸೌಮ್ಯಾ, ಸಾಕು.

ಸಭೆ ಇಲ್ಲವೆಂದು ನನಗೆ ಅಕ್ಟೋಬರಿನಿಂದಲೇ ಗೊತ್ತು. ನಿಮ್ಮ ಮೊದಲ ಉತ್ತರ ಬಂದ ಮರುದಿನ ನನ್ನ ಬಸ್ಸಿಗೆ ಹತ್ತಿದ ಹಿರಿಯರೇ ಶಂಕರಪ್ಪ ಮಾಸ್ತರರು. ಮಗನ ಮನೆ ಬೆಂಗಳೂರು ಎಂದು ಹೇಳಿ ಊರು ಬಿಟ್ಟವರು, ಅಲ್ಲಿಂದ ಮಗಳ ಮನೆ ಮಿಸಿಸಾಗಕ್ಕೆ ಹಾರಿದ್ದಾರೆ. ಮಂಡಿ ಗಟ್ಟಿಯಿದೆ, ಹಿಮದಲ್ಲೂ ವಾಕಿಂಗ್ ಬಿಡುವುದಿಲ್ಲ. ನನ್ನ ಪ್ರಾಸಗಳನ್ನು ಇಷ್ಟಪಡುತ್ತಾರೆ. ಬಳಗ ಹೇಗಿದೆ ಎಂದು ಕೇಳಿದ್ದಕ್ಕೆ, 'ಎಲ್ಲೀ ಬಳಗೋ ತಮ್ಮಾ? ಕೊರೊನಾದಾಗ ಮುಚ್ಚಿತು. ಕೀಲಿ ಸೌಮ್ಯಾನ ಹತ್ರ ಐತಿ. ತಿಂಗಳಿಗೊಮ್ಮೆ ಬಾಗಲಾ ತಗದು, ಕುರ್ಚಿ ಒರಸಿ, ಒಬ್ಬಾಕಿನ ಕುಂತು ಸಿನೆಮಾ ನೋಡ್ತಾಳ' ಎಂದರು.

ಅಂದಿನಿಂದ ನಾನು ಒಂದು ಸಾಲನ್ನೂ ಮಹಾಜನಗಳಿಗೆ ಬರೆದಿಲ್ಲ. ನಿಮ್ಮ ಸಭೆಯ ಒಬ್ಬ ಸದಸ್ಯರಿಗಷ್ಟೇ ಬರೆದೆ.

ರಜೆ ಸಿಕ್ಕಿದೆ, ಟಿಕೆಟ್ ಆಗಿದೆ. ದೆಸಾಂಕಾ ಅವ್ವ ನಿಮಗೂ ಕಾಲುಚೀಲ ಹೆಣೆದಿದ್ದಾರೆ. ನೀವು ಕರೆದಿಲ್ಲ, ಅದಕ್ಕೇ ಮಾರ್ಚ್ ಎಂಟಕ್ಕೆ ಬರುತ್ತಿದ್ದೇನೆ. ಈ ಸಲ ಹಿಂದಿನ ಸಾಲಿನಲ್ಲಿ ಕೂರುವವನಲ್ಲ. ಪ್ರಾಸ ಒಂದೂ ಹೊಳೆಯುತ್ತಿಲ್ಲ.

ಪಕ್ಕದ ಕುರ್ಚಿಯನ್ನೂ ಒರೆಸಿಡಿ.